ಮನೆಯ ಪುಸ್ತಕಗಳನ್ನು ಕೆಳಗಿಳಿಸಿ ನೋಡುವ ಕ್ರಮ

ಅಪ್ಪ ತೀರಿಹೋಗಿ ಮೂರು ತಿಂಗಳಾದ ಮೇಲೆ ಉಡುಪಿ ಮನೆಯ ಚಾವಡಿಯಲ್ಲಿ ಕೂತು ಅವರ ಕಪಾಟು ಖಾಲಿ ಮಾಡ್ಲಿಕ್ಕೆ ಶುರು ಮಾಡಿದೆ. ಒಂದು ಮಧ್ಯಾಹ್ನದಲ್ಲಿ ಮುಗೀಬಹುದು ಅಂತ ಇತ್ತು, 11 ದಿನ ಹಿಡೀತು. ಅಪ್ಪ ಬ್ಯಾಂಕಲ್ಲಿ ಕ್ಲರ್ಕ್ ಆಗಿ ಸೇರಿ ಮ್ಯಾನೇಜರ್ ಆಗಿ ರಿಟೈರ್ ಆದವರು, ಮೂರು ನಾಲ್ಕು ವರ್ಷಕ್ಕೊಮ್ಮೆ ಟ್ರಾನ್ಸ್‌ಫರ್, ಮತ್ತೆ ಅವರದ್ದೊಂದು ಅಭ್ಯಾಸ ಇತ್ತು, ಯಾವ ಪುಸ್ತಕ ತಗೊಂಡ್ರೂ ಮೊದಲ ಪುಟದ ಮೇಲಿನ ಮೂಲೆಯಲ್ಲಿ ಊರು ಮತ್ತು ತಾರೀಕು ಬರೀತಿದ್ರು, ಹೆಸರು ಬರೀತಿರ್ಲಿಲ್ಲ. ಹಾಸನ, ಗದಗ, ನಾಗಪುರ, ಶಿರಸಿ, ಪುನಃ ಉಡುಪಿ. ಕಾದಂಬರಿ ಒಂದು ಕಡೆ ಕವನ ಒಂದು ಕಡೆ ಅಂತ ಇಡ್ಲಿಕ್ಕೆ ಹೊರಟವ ಅದನ್ನು ಬಿಟ್ಟು ಊರು ನೋಡಿ ರಾಶಿ ಹಾಕಿದೆ. ನಾಗಪುರದ ರಾಶಿಯಲ್ಲಿ ಒಂದೇ ಒಂದು ಕತೆ ಕಾದಂಬರಿ ಇಲ್ಲ, ಬರೀ ಹೋಮಿಯೋಪತಿ ಮತ್ತೆ ಮಕ್ಕಳ ಕಾಯಿಲೆಯ ಪುಸ್ತಕಗಳು, ಒಟ್ಟು 14. ಅಮ್ಮನ ಹತ್ರ ಕೇಳಿದ್ದಕ್ಕೆ, ಅಕ್ಕನಿಗೆ ಆಗ ದಮ್ಮು ಜೋರಿತ್ತು, ಎರಡು ಸಲ ರಾತ್ರೋರಾತ್ರಿ ಆಸ್ಪತ್ರೆಗೆ ಓಡಿದ್ದೇವೆ, ನೀನು ಹುಟ್ಟಿರ್ಲಿಲ್ಲ ಅಂದ್ರು. ನಂಗೆ 41 ವರ್ಷ ಆಗುವವರೆಗೆ ಆ ವಿಷಯ ಮನೇಲಿ ಯಾರೂ ಎತ್ತಿದ್ದೇ ಇಲ್ಲ.

ಅಪ್ಪ ಡೈರಿ ಇಟ್ಟವರಲ್ಲ, ಪತ್ರ ಬರೆದ್ರೂ ನಾಲ್ಕು ಸಾಲು. ಅವರ ಬಗ್ಗೆ ನಂಗೆ ಗೊತ್ತಿರುವುದರಲ್ಲಿ ಅರ್ಧಕ್ಕಿಂತ ಜಾಸ್ತಿ ಆ 11 ದಿನದಲ್ಲಿ ಗೊತ್ತಾದದ್ದು. ಅಲ್ಲಿಂದ ಶುರುವಾಗಿ ನನ್ನ ಸ್ವಂತ ಪುಸ್ತಕಗಳನ್ನೂ ವರ್ಷಕ್ಕೊಮ್ಮೆ ಪೂರ್ತಿ ಕೆಳಗಿಳಿಸಿ ನೋಡ್ತೇನೆ, ಈಗ ಏಳನೇ ವರ್ಷ. ಕೇಳಿದವರಿಗೆಲ್ಲ ವಾಟ್ಸಾಪಲ್ಲಿ ತುಂಡು ತುಂಡಾಗಿ ಹೇಳ್ತಾ ಇದ್ದೆ, ಒಂದೇ ಕಡೆ ಬರೆದಿಡುವ ಅಂತ ಇದು. ಮುನ್ನೂರು ಪುಸ್ತಕ ಇದ್ರೆ ಎರಡು ದಿನ ಬೇಕು, ಐವತ್ತು ಇದ್ರೆ ಒಂದು ಬೆಳಿಗ್ಗೆ ಸಾಕು.

ಯಾವಾಗ ಇಳಿಸುವುದು

ನಮ್ಮ ಕಡೆ ಇದಕ್ಕೆ ಸಮಯ ನೋಡ್ಬೇಕು. ಘಟ್ಟದ ಮೇಲಿನವರು ಯಾವ ಭಾನುವಾರ ಬೇಕಾದ್ರೂ ಮಾಡ್ಬಹುದು, ನಮಗೆ ಆಗುದಿಲ್ಲ. ಮಂಗಳೂರು ಉಡುಪಿಯಲ್ಲಿ ವರ್ಷಕ್ಕೆ 3500ರಿಂದ 4000 ಮಿಲಿಮೀಟರಿನ ಆಚೆ ಈಚೆ ಮಳೆ, ಅದರಲ್ಲಿ ಹೆಚ್ಚಿನದ್ದೆಲ್ಲ ಜೂನಿನಿಂದ ಸೆಪ್ಟೆಂಬರ್ ಒಳಗೆ ಬಂದು ಮುಗೀತದೆ. ಗಾಳಿಯಲ್ಲಿ ತೇವಾಂಶ 65 ಪರ್ಸೆಂಟ್ ದಾಟಿ ನಿಂತ್ರೆ ಕಾಗದಕ್ಕೆ ಬೂಷ್ಟು ಬರ್ಲಿಕ್ಕೆ ದಾರಿ ಆಯ್ತು, ಇಲ್ಲಿ ಮಳೆಗಾಲದಲ್ಲಿ ಅದು 85, 90 ಅಂತ ವಾರಗಟ್ಟಲೆ ಕೆಳಗೆ ಇಳಿಯುದೇ ಇಲ್ಲ. ಹಾಗಾಗಿ ನಾನು ವರ್ಷದಲ್ಲಿ ಮೂರು ಗುರ್ತು ಇಟ್ಕೊಂಡಿದ್ದೇನೆ, ಪತ್ತನಾಜೆ, ಆಟಿ, ನವರಾತ್ರಿ.

ಪತ್ತನಾಜೆ ಅಂದ್ರೆ ಮೇ 24ರ ಹೊತ್ತಿಗೆ, ಯಕ್ಷಗಾನ ಮೇಳದವರು ಗೆಜ್ಜೆ ಬಿಚ್ಚುವ ದಿನ. ಅದಕ್ಕಿಂತ ಮೊದಲು ಕಪಾಟಿಗೆ ಮಳೆಗಾಲದ ತಯಾರಿ ಆಗಿರ್ಬೇಕು. ಕಪಾಟು ಗೋಡೆಗೆ ತಾಗಿಕೊಂಡು ಇದ್ರೆ ಎರಡು ಇಂಚು ಈಚೆ ಎಳೀರಿ, ಅದರಲ್ಲೂ ಪಡುಬದಿಯ ಹೊರಗೋಡೆ ಆದ್ರೆ ಅಲ್ಲಿ ಪುಸ್ತಕ ಇಡ್ಲೇಬೇಡಿ. ನಮ್ಮ ಮಳೆಗಾಳಿ ಕಡಲಿನ ಕಡೆಯಿಂದ ಹೊಡೆಯುವುದು, ಕೆಂಪುಕಲ್ಲು ನೀರು ಕುಡೀತದೆ, ಒಳಗಿನ ಪೈಂಟು ಎಷ್ಟು ಚಂದ ಇದ್ರೂ ಗೋಡೆ ತಣ್ಣಗೆ ಇರ್ತದೆ, ಆ ತಣ್ಣಗಿನ ಗೋಡೆಯ ಹತ್ರದ ಪುಸ್ತಕಕ್ಕೆ ಮೊದಲು ಬೂಷ್ಟು. ನಾನು ಮಂಗಳೂರಿನ ಬಾಡಿಗೆ ಮನೆಯಲ್ಲಿ ಮೊದಲ ವರ್ಷ ಪಡುಗೋಡೆಗೇ ಹಲಗೆ ಹೊಡೆಸಿದ್ದೆ, ಆಗಸ್ಟ್ ಕೊನೆಗೆ ಹಿಂದಿನ ಸಾಲಿನ 22 ಪುಸ್ತಕ ಹಸಿರು ಹಸಿರು. ಕೆಳಗಿನ ಹಲಗೆ ನೆಲದಿಂದ ಆರು ಇಂಚಾದ್ರೂ ಮೇಲೆ ಇರ್ಲಿ, ಒರಲೆ, ಅಂದ್ರೆ ಗೆದ್ದಲು, ಬರುವುದು ನೆಲದಿಂದ, ಗೋಡೆಯಲ್ಲಿ ಮಣ್ಣಿನ ಗೆರೆ ಕಂಡ್ರೆ ಆ ದಿನವೇ ಪುಸ್ತಕ ಎಲ್ಲ ಬೇರೆ ಕೋಣೆಗೆ ಹೋಗ್ಬೇಕು, ನಾಳೆ ಮಾಡುವ ಅಂತ ಇಲ್ಲ.

ಆಟಿಯಲ್ಲಿ, ಅಂದ್ರೆ ಜುಲೈ ಮಧ್ಯದಿಂದ ಆಗಸ್ಟ್ ಮಧ್ಯದವರೆಗೆ, ಪುಸ್ತಕ ಇಳಿಸ್ಲಿಕ್ಕೆ ಹೋಗ್ಬೇಡಿ. ಒಂದು ದಿನ ಬಿಸಿಲು ಬಂದ್ರೆ ಕಪಾಟಿನ ಬಾಗಿಲು ತೆಗೆದು ಫ್ಯಾನ್ ಹಾಕಿ ಎರಡು ಗಂಟೆ ಬಿಡಿ, ಅಷ್ಟೇ. ಮುಚ್ಚಿದ ಕಪಾಟಿನ ಒಳಗೆ 15 ವ್ಯಾಟಿನ ಹಳೆ ನಮೂನೆಯ ಬಲ್ಬು ಉರಿಸಿಡುವ ಮನೆಗಳು ಉಂಟು, ಅದು ಕೆಲಸ ಮಾಡ್ತದೆ, ಒಳಗಿನ ಗಾಳಿ ಸ್ವಲ್ಪ ಬಿಸಿ ಆಗಿ ಒಣಗ್ತದೆ. ಆದ್ರೆ ಬಲ್ಬು ಪುಸ್ತಕಕ್ಕೂ ಬಟ್ಟೆಗೂ ಎಲ್ಲಿಯೂ ತಾಗಬಾರ್ದು, ಮನೇಲಿ ಯಾರಿಲ್ಲದಾಗ ಆಫ್ ಮಾಡಿ ಹೋಗ್ಬೇಕು. ಎಲ್‌ಇಡಿ ಬಲ್ಬಿಂದ ಪ್ರಯೋಜನ ಇಲ್ಲ, ಅದಕ್ಕೆ ಅಷ್ಟು ಬಿಸಿ ಇಲ್ಲ.

ನಿಜವಾದ ಕೆಲಸ ನವರಾತ್ರಿಗೆ. ಮೂಲಾ ನಕ್ಷತ್ರದ ದಿನ ಪುಸ್ತಕ ಪೂಜೆಗೆ ಇಡುವ ಕ್ರಮ ತುಂಬ ಮನೆಗಳಲ್ಲಿ ಇನ್ನೂ ಉಂಟು, ವಿಜಯದಶಮಿವರೆಗೆ ಆ ಪುಸ್ತಕ ಮುಟ್ಟುವಂತಿಲ್ಲ, ಓದುವಂತಿಲ್ಲ. ಮಳೆ ಹಿಂದೆ ಸರಿದು ಬಿಸಿಲು ಶುರುವಾಗುವುದೂ ಅದೇ ಸಮಯಕ್ಕೆ. ಪುಸ್ತಕ ಹೇಗೂ ಒರೆಸಿ ಇಡ್ಲಿಕ್ಕುಂಟು, ನಾಲ್ಕು ಇಡುವಲ್ಲಿ ಎಲ್ಲವನ್ನೂ ಇಳಿಸಿ. ಮಕ್ಕಳಿಗೆ ರಜೆ, ಒಂದೆರಡು ಕೈ ಹೆಚ್ಚಿಗೆ ಸಿಗ್ತದೆ, ಸಂಜೆ ಮಂಗಳೂರಿನ ರಥಬೀದಿಯ ಶಾರದೆ ನೋಡ್ಲಿಕ್ಕೆ ಹೋಗುವವರೆಗೆ ಮನೇಲೇ ಇರ್ತಾರೆ. ಮಧ್ಯಾಹ್ನ ಮೂರರ ಒಳಗೆ ಮುಗಿಸಿ, ಅಕ್ಟೋಬರಿನಲ್ಲಿ ಸಂಜೆ ಗುಡುಗು ಮಳೆ ಬಂದೇ ಬರ್ತದೆ.

ಇಳಿಸುವಾಗ

ಮೊಟ್ಟಮೊದಲು ಒಂದು ಪುಸ್ತಕವನ್ನೂ ಮುಟ್ಟದೆ ಕಪಾಟಿನ ಫೋಟೋ ತೆಗೀರಿ, ಒಂದೊಂದು ಹಲಗೆಗೆ ಒಂದೊಂದು ಫೋಟೋ, ಬೆನ್ನಿನ ಹೆಸರು ಓದ್ಲಿಕ್ಕೆ ಆಗುವ ಹಾಗೆ. ಯಾವ ಪುಸ್ತಕದ ಪಕ್ಕ ಯಾವುದು ಇತ್ತು, ಯಾವುದು ಕೈಗೆ ಎಟಕುವಲ್ಲಿ ಇತ್ತು, ಯಾವುದು ಹಿಂದಿನ ಸಾಲಿಗೆ ಹೋಗಿತ್ತು, ಇದು ಒಮ್ಮೆ ಕಲಸಿದ್ರೆ ಮತ್ತೆ ಸಿಗುದಿಲ್ಲ. ತೀರಿಹೋದವರ ಕಪಾಟು ಆದ್ರಂತೂ ಈ ಫೋಟೋ ತೆಗೆಯದೆ ಯಾರನ್ನೂ ಹತ್ರ ಬಿಡ್ಬೇಡಿ. ಅಪ್ಪನ ಕಪಾಟಲ್ಲಿ ಎದೆಯ ಎತ್ತರದ ಹಲಗೆಯ ಬಲತುದಿಯಲ್ಲಿ ಒಂದು ತೆಳು ಕವನ ಸಂಕಲನ ಇತ್ತು, ಅದು ಹಾಸನದ ಪುಸ್ತಕ, 1974ರದ್ದು, ಅದರ ಸುತ್ತ ಇದ್ದದ್ದೆಲ್ಲ ಇನ್‌ಕಮ್‌ಟ್ಯಾಕ್ಸ್ ಮತ್ತೆ ಡಯಾಬಿಟೀಸಿನ ಪುಸ್ತಕ. ನಲವತ್ತು ವರ್ಷ, ಐದು ಊರು, ಅಷ್ಟು ಮನೆ ಬದಲಾಗಿಯೂ ಆ ಸಂಕಲನ ಕೈಯ ಹತ್ರವೇ ಉಳಿದಿತ್ತು. ಫೋಟೋ ಇಲ್ಲದಿದ್ರೆ ನಾನದನ್ನು ಉಳಿದ ಕವನದ ರಾಶಿಗೆ ಹಾಕಿ ಮರೆತುಬಿಡ್ತಿದ್ದೆ.

ಮತ್ತೆ ಒಂದೊಂದೇ ತೆಗೀರಿ. ಬೆನ್ನಿನ ಮೇಲ್ತುದಿಗೆ ಬೆರಳು ಹಾಕಿ ಎಳೀಬೇಡಿ, ಹೊಲಿಗೆ ಹೋಗುವುದು ಅಲ್ಲೇ, ಆಚೆ ಈಚೆಯ ಎರಡು ಪುಸ್ತಕ ಸ್ವಲ್ಪ ಹಿಂದೆ ತಳ್ಳಿ ನಡುವಿನದ್ದನ್ನು ಹೊಟ್ಟೆಯಲ್ಲಿ ಹಿಡೀರಿ. ಪುಸ್ತಕ ತಲೆಕೆಳಗೆ ಮಾಡಿ ಕೊಡವಬೇಡಿ. ಒಳಗೆ ಏನೇನೋ ಇರ್ತದೆ, ಬಸ್ಸಿನ ಟಿಕೆಟು, ಮದುವೆ ಕಾಗದ, ಪಡಿತರದ ಚೀಟಿ, ಒಣಗಿದ ಕೇದಗೆ ಎಸಳು. ಸಿಕ್ಕಿದ ಕಾಗದವನ್ನು ಸಿಕ್ಕಿದ ಪುಟದಲ್ಲೇ ಬಿಡಿ, ಪುಟದ ನಂಬರು ಮಾತ್ರ ಬರ್ಕೊಳ್ಳಿ. ಅಂಗಡಿಯ ಬಿಲ್ಲು ಸಿಕ್ಕಿದ್ರೆ ಬಿಸಾಡ್ಬೇಡಿ, ಈಗಿನ ನುಣುಪು ಕಾಗದದ ಬಿಲ್ಲು ಆದ್ರೆ ಅದರ ಅಕ್ಷರ ಕೆಲವೇ ವರ್ಷದಲ್ಲಿ ಮಾಸ್ತದೆ, ಫೋಟೋ ತೆಗೆದಿಡಿ. ನನ್ನ ಹತ್ರ ಬಲ್ಮಠದ ಅತ್ರಿ ಬುಕ್ ಸೆಂಟರಿನ ಬಿಲ್ಲುಗಳು 9 ಉಂಟು, 1975ರಲ್ಲಿ ಶುರುವಾಗಿ 2012ರಲ್ಲಿ ಮುಚ್ಚಿದ ಅಂಗಡಿ ಅದು. ಕಾಲೇಜು ಮುಗಿಸಿ ಕೆಲಸಕ್ಕೆ ಸೇರಿದ ವರ್ಷ ಸಂಬಳ ಆದ ವಾರವೇ ಅಲ್ಲಿಗೆ ಹೋಗ್ತಿದ್ದೆ ಅಂತ ಆ ಬಿಲ್ಲಿನ ತಾರೀಕುಗಳು ಹೇಳ್ತವೆ, ನಂಗದು ನೆನಪೇ ಇರ್ಲಿಲ್ಲ.

ತಾರೀಕು ಇಲ್ಲದ ಹಳೆ ಪುಸ್ತಕ ಆದ್ರೆ ಯಾವ ಕಾಲದ್ದು ಅಂತ ಹಿಡೀಲಿಕ್ಕೆ ಕೆಲವು ಉಪಾಯ ಉಂಟು. ಬೆಲೆ ರೂಪಾಯಿ ಆಣೆ ಪೈಯಲ್ಲಿ ಇದ್ರೆ ಹೆಚ್ಚುಕಮ್ಮಿ 1957ಕ್ಕಿಂತ ಹಿಂದಿನದ್ದು, ಆ ವರ್ಷ ಏಪ್ರಿಲ್ 1ಕ್ಕೆ ನೂರು ಪೈಸೆಯ ಲೆಕ್ಕ ಬಂತು. ನಯೇ ಪೈಸೆ ಅಂತ ಇದ್ರೆ 1957ರಿಂದ 1964ರ ನಡುವೆ. ಮಂಗಳೂರು ಉಡುಪಿಯ ವಿಳಾಸದಲ್ಲಿ ಮದ್ರಾಸ್ ಪ್ರಾಂತ್ಯ ಅಂತ ಇದ್ರೆ 1956 ನವೆಂಬರಿಗಿಂತ ಮೊದಲು, ಮೈಸೂರು ರಾಜ್ಯ ಅಂತ ಇದ್ರೆ ಅಲ್ಲಿಂದ 1973ರ ಒಳಗೆ. ಆರು ಅಂಕೆಯ ಪಿನ್‌ಕೋಡ್, ಮಂಗಳೂರಿನ 575001, ಉಡುಪಿಯ 576101, ಇಂಥದ್ದು ಕಂಡ್ರೆ 1972ರ ನಂತರ. ಉಡುಪಿ ಜಿಲ್ಲೆ ಅಂತ ಅಚ್ಚಾಗಿದ್ರೆ 1997ರ ನಂತರ, ಅದಕ್ಕೆ ಮೊದಲು ಉಡುಪಿಯೂ ದಕ್ಷಿಣ ಕನ್ನಡವೇ. ಹಿಂಬದಿಯ ಐಎಸ್‌ಬಿಎನ್ 13 ಅಂಕೆ ಆದ್ರೆ 2007ರ ಆಸುಪಾಸು ಅಥವಾ ನಂತರದ್ದು. ಮನೆಯ ಹುಡುಗರಿಗೆ ಇದನ್ನು ಪತ್ತೇದಾರಿ ಕೆಲಸದ ಹಾಗೆ ವಹಿಸಿಬಿಡಿ, ಊಟಕ್ಕೆ ಕರೆದ್ರೂ ಏಳುದಿಲ್ಲ.

ಒಂದು ಮಾತು, ಶೀರ್ಷಿಕೆ ಪುಟದಲ್ಲಿ ಬಾಸೆಲ್ ಮಿಶನ್ ಪ್ರೆಸ್, ಮಂಗಳೂರು ಅಂತ ಕಂಡ್ರೆ ಅಲ್ಲೇ ನಿಲ್ಲಿ. 1841ರಲ್ಲಿ ಶುರುವಾದ ಪ್ರೆಸ್ಸು ಅದು, ಕನ್ನಡದ ಮೊದಲ ಪತ್ರಿಕೆ 1843ರಲ್ಲಿ ಹೊರಟದ್ದು ನಮ್ಮ ಮಂಗಳೂರಿಂದ, ಕಿಟ್ಟೆಲರ ನಿಘಂಟು 1894ರಲ್ಲಿ ಅಚ್ಚಾದದ್ದೂ ಅದೇ ಪ್ರೆಸ್ಸಲ್ಲಿ. ಆ ಕಾಲದ ಶಾಲೆಪುಸ್ತಕ, ಪಂಚಾಂಗ, ಗೀತೆಯ ಪುಸ್ತಕ ಯಾವುದೇ ಆಗ್ಲಿ ಅದಕ್ಕೆ ಅಂಟು, ಟೇಪು ಏನೂ ಹಚ್ಬೇಡಿ. ಬಲ್ಮಠದ ಕರ್ನಾಟಕ ಥಿಯೊಲಾಜಿಕಲ್ ಕಾಲೇಜಿನಲ್ಲಿ ಬಾಸೆಲ್ ಮಿಶನ್ ಕಾಲದ ದಾಖಲೆಗಳ ಸಂಗ್ರಹ ಉಂಟು, ಒಮ್ಮೆ ಅಲ್ಲಿ ತೋರಿಸಿ.

ಬಂದ ದಾರಿ ನೋಡಿ ರಾಶಿ ಹಾಕುವುದು

ಇದು ಎಲ್ಲಕ್ಕಿಂತ ಮುಖ್ಯದ್ದು. ಲೈಬ್ರರಿಯವರು ವಿಷಯ ನೋಡಿ ನಂಬರು ಹಾಕ್ತಾರೆ, ಕನ್ನಡ ಸಾಹಿತ್ಯಕ್ಕೆ 894.814 ಅಂತ ಬೆನ್ನಿಗೆ ಅಂಟಿಸಿರುವುದು ನೀವು ನೋಡಿರ್ತೀರಿ. ಅವರಲ್ಲಿ ದಿನಕ್ಕೆ ನೂರು ಜನ ಬಂದು ಹುಡುಕ್ತಾರೆ, ಅವರಿಗದು ಬೇಕು. ಮನೆಗೆ ಬೇಡ. ಮನೆಯಲ್ಲಿ ಮೊದಲ ಸಲ ರಾಶಿ ಹಾಕುವಾಗ ಒಂದೇ ಪ್ರಶ್ನೆ ಕೇಳಿ, ಇದು ಈ ಮನೆಗೆ ಹೇಗೆ ಬಂತು?

ನಂಗೆ ಐದು ರಾಶಿ ಆಗ್ತದೆ. ಮೊದಲೇ ಮನೇಲಿ ಇದ್ದದ್ದು, ದುಡ್ಡು ಕೊಟ್ಟು ತಗೊಂಡದ್ದು, ಯಾರೋ ಕೊಟ್ಟದ್ದು, ಬಹುಮಾನ ಬಂದದ್ದು, ಯಾರದ್ದೋ ತಂದು ವಾಪಸು ಕೊಡದೆ ಉಳಿದದ್ದು. ಬಹುಮಾನದ ರಾಶಿಯಿಂದ ಶುರು ಮಾಡಿ, ಅದು ಚಿಕ್ಕದು, ಶಾಲೆಯ ಸೀಲು, ಹೆಡ್‌ಮಾಸ್ಟ್ರ ಸಹಿ ಎಲ್ಲ ಇರ್ತದೆ. ಮತ್ತೆ ವಾಪಸು ಕೊಡದ್ದು. ಆ ರಾಶಿಯ ಎದುರು ಕೂತು ಪ್ರತಿ ಪುಸ್ತಕಕ್ಕೂ ಯಜಮಾನರ ಹೆಸರು ಬರೆದು ಆ ವಾರವೇ ಫೋನ್ ಮಾಡಿ. ನಾನು ಹೋದ ವರ್ಷ 18 ವರ್ಷದ ಹಿಂದೆ ತಂದ ಪುಸ್ತಕ ಕೊಡ್ಲಿಕ್ಕೆ ಕಾರ್ಕಳಕ್ಕೆ ಹೋದೆ, ಅವರ ಮನೆಯವರು ಗೋಳಿಬಜೆ ಮಾಡಿ ಕೂರಿಸಿದ್ರು, ಮಾತಾಡಿ ಮಾತಾಡಿ ಕೊನೆಯ ಬಸ್ಸು ಹಿಡಿದು ಬಂದೆ.

ದುಡ್ಡು ಕೊಟ್ಟು ತಗೊಂಡ ರಾಶಿಯನ್ನು ವರ್ಷದ ಲೆಕ್ಕದಲ್ಲಿ ಒಂದರ ಪಕ್ಕ ಒಂದು ನೆಲದ ಮೇಲೆ ಸಾಲಾಗಿ ಇಡಿ. ಈ ಸಾಲು ಕಣ್ಣೆದುರು ಕಂಡಾಗ ಆಗುವ ಅನುಭವ ನಾನು ಹೇಳಿದ್ರೆ ಗೊತ್ತಾಗುದಿಲ್ಲ, ಮಾಡಿ ನೋಡ್ಬೇಕು. ನನ್ನ ಸಾಲಿನಲ್ಲಿ 2009ರಿಂದ 2012ರವರೆಗೆ ಬರೀ ಕಂಪ್ಯೂಟರ್ ಪುಸ್ತಕ, ನಡುವೆ ಎರಡು ವರ್ಷ ಏನೂ ಇಲ್ಲ, ಪೂರ್ತಿ ಖಾಲಿ, ಆಮೇಲೆ ಒಮ್ಮೆಲೇ ಹಕ್ಕಿಗಳ ಪುಸ್ತಕ, ಮರಗಳ ಪುಸ್ತಕ, ತುಳು ನಿಘಂಟು. ಆ ಖಾಲಿ ಎರಡು ವರ್ಷ ನಾನು ನೈಟ್ ಶಿಫ್ಟಿನಲ್ಲಿದ್ದೆ. ಅದರ ನಂತರದ ಹಕ್ಕಿ ಪುಸ್ತಕ ನಂಗೆ ಹೆಂಡತಿ ತಂದುಕೊಟ್ಟದ್ದು, ಅದನ್ನು ಹಿಡ್ಕೊಂಡು ಬೆಳಿಗ್ಗೆ ಬೇಗ ಎದ್ದು ಹೋಗ್ಲಿಕ್ಕೆ ಶುರು ಮಾಡಿದ್ದಕ್ಕೇ ಕೊನೆಗೆ ಕೆಲಸ ಬದಲು ಮಾಡಿದೆ. ನನ್ನ ಬದುಕು ಹೇಗಿತ್ತೋ ಪುಸ್ತಕವೂ ಹಾಗೆ ಬಂದದ್ದು ಹೌದು, ಆದ್ರೆ ಆ ಒಂದು ಪುಸ್ತಕ ಬಂದ ಮೇಲೆ ಬದುಕೇ ಅದರ ಹಿಂದೆ ಹೋಯ್ತು. ನಿಮ್ಮ ಸಾಲಿನಲ್ಲೂ ಅಂಥದ್ದು ಒಂದಾದ್ರೂ ಇರ್ತದೆ, ಅದು ಯಾವುದು ಅಂತ ಹುಡುಕಿ, ಸಿಕ್ಕಿದ್ರೆ ಅದರೊಳಗೆ ಒಂದು ಚೀಟಿ ಬರೆದಿಡಿ.

ಮೊದಲೇ ಮನೇಲಿ ಇದ್ದದ್ದರ ರಾಶಿ ನಮ್ಮ ಜಿಲ್ಲೆಯಲ್ಲಿ ವಿಶೇಷ. ಲಿಪಿ ಕನ್ನಡ, ಭಾಷೆ ಮೂರು ನಾಲ್ಕು. ನನ್ನ ಸ್ನೇಹಿತರೊಬ್ಬರ ಮನೆಯಲ್ಲಿ ಅವರ ಅಜ್ಜಿ ಕೂಡಿಟ್ಟ ರಾಕ್ಣೊ ವಾರಪತ್ರಿಕೆಯ ಬೈಂಡುಗಳು ಸಾಲಾಗಿ ಉಂಟು, 1938ರಿಂದ ಮಂಗಳೂರಲ್ಲಿ ಬರ್ತಿರುವ ಕೊಂಕಣಿ ಪತ್ರಿಕೆ ಅದು, ಕನ್ನಡ ಅಕ್ಷರದಲ್ಲೇ. ತುಳು ನಾಟಕದ ಪುಸ್ತಕ, ಬ್ಯಾರಿ ಪದ್ಯದ ಪುಸ್ತಕ ಎಲ್ಲವೂ ಕನ್ನಡ ಅಕ್ಷರದಲ್ಲೇ ಸಿಗ್ತದೆ. ಹೊರಗಿನವರು ಬೆನ್ನು ನೋಡಿ ಎಲ್ಲ ಕನ್ನಡ ಪುಸ್ತಕ ಅಂದ್ಕೊಳ್ತಾರೆ, ಹಾಗಾಗಿ ಭಾಷೆ ಯಾವುದು ಅಂತ ಪಟ್ಟಿಯಲ್ಲಿ ಬರೀರಿ, ಮುಂದೆ ಯಾರಿಗಾದ್ರೂ ಕೊಡುವಾಗ ಬೇಕಾಗ್ತದೆ. ಇನ್ನೊಂದು, ವಾರಪತ್ರಿಕೆಯ ಧಾರಾವಾಹಿ ಪುಟಗಳನ್ನು ಮಾತ್ರ ಬಿಡಿಸಿ ಹೊಲಿದು ಬೈಂಡ್ ಮಾಡಿಸಿದ ದಪ್ಪ ಪುಸ್ತಕಗಳು, ನಮ್ಮ ಅಮ್ಮಂದಿರು ಚಿಕ್ಕಮ್ಮಂದಿರು ಮಾಡಿದ್ದು. ಹೊರಗೆ ರಟ್ಟಿನಲ್ಲಿ ಹೆಸರು ಕೂಡ ಇರುದಿಲ್ಲ, ಗುಜರಿಗೆ ಮೊದಲು ಹೋಗುವುದೇ ಅದು. ಕೊಡ್ಬೇಡಿ. ಪುಸ್ತಕ ಕೊಳ್ಳಲಿಕ್ಕೆ ಕೈಯಲ್ಲಿ ದುಡ್ಡಿಲ್ಲದ ಹೆಂಗಸರು ವಾರಕ್ಕೆ ನಾಲ್ಕು ಪುಟದ ಹಾಗೆ ಕೂಡಿಸಿ ಕಟ್ಟಿದ ಲೈಬ್ರರಿ ಅದು, ಎಷ್ಟೋ ಸಲ ಹಿಂಬದಿ ಪುಟದಲ್ಲಿ ಅಡುಗೆ, ಜಾಹೀರಾತು, ಅರ್ಧ ಕತೆ ಎಲ್ಲ ಉಳಿದಿರ್ತದೆ.

ಪ್ರತಿ ಪುಸ್ತಕದ ಕೊನೆಯ ಖಾಲಿ ಪುಟದಲ್ಲಿ ಪೆನ್ಸಿಲಲ್ಲಿ ಮೂರು ಸಾಲು ಬರೀರಿ, ಎಲ್ಲಿಂದ, ಯಾವಾಗ, ಯಾರಿಂದ. ಗೊತ್ತಿಲ್ಲದ್ದನ್ನು ಮನೆಯ ದೊಡ್ಡವರ ಹತ್ರ ಕೇಳಿ ಬರೀರಿ, ದೊಡ್ಡಮ್ಮ ಇನ್ನೂ ಇರುವಾಗಲೇ ಕೇಳಿ. ಪೆನ್ನು ಬೇಡ, ತೇವ ಬಂದ್ರೆ ಶಾಯಿ ಹಿಂದಿನ ಪುಟಕ್ಕೆ ಇಳೀತದೆ.

ಬೂಷ್ಟು, ಹುಳ

ಬೂಷ್ಟು ಹಿಡಿದ ಪುಸ್ತಕವನ್ನು ಬೇರೆ ಪುಸ್ತಕದ ಹತ್ರ ಇಡ್ಬೇಡಿ. ಹೊರಗೆ ಜಗಲಿಯಲ್ಲಿ, ಮಾಸ್ಕ್ ಹಾಕ್ಕೊಂಡು, ಪೈಂಟು ಹೊಡೆಯುವ ಮೆತ್ತಗಿನ ಬ್ರಶ್ಶಿಂದ ನಿಮ್ಮಿಂದ ಆಚೆ ಕಡೆಗೆ ಗುಡಿಸಿ. ಮೊದಲು ಒಣಗ್ಬೇಕು, ಹಸಿ ಇರುವಾಗ ಉಜ್ಜಿದ್ರೆ ಕಲೆ ಕಾಗದದ ಒಳಗೆ ಹೋಗ್ತದೆ. ಒದ್ದೆ ಬಟ್ಟೆ, ಡೆಟಾಲು, ವಿನೆಗರ್ ಯಾವುದೂ ಬೇಡ. ನಿಲ್ಲಿಸಿ ಪುಟ ಬೀಸಣಿಗೆ ಹಾಗೆ ಬಿಡಿಸಿ ಫ್ಯಾನಿನ ಕೆಳಗೆ ನೆರಳಲ್ಲಿ ಒಣಗಿಸಿ. ನೇರ ಬಿಸಿಲಿಗೆ ಹಪ್ಪಳ ಹಾಕಿದ ಹಾಗೆ ಹಾಕ್ಬೇಡಿ, ಕಡಿಮೆ ದರ್ಜೆಯ ಕಾಗದದಲ್ಲಿ ಮರದ ಲಿಗ್ನಿನ್ ಉಳಿದಿರ್ತದೆ, ಬಿಸಿಲು ತಾಗಿದ್ರೆ ಅದು ಬೇಗ ಹಳದಿಯಾಗಿ ಮುರೀಲಿಕ್ಕೆ ಶುರು.

ಹುಳಕ್ಕೆ ಫ್ರೀಜರ್ ಒಳ್ಳೇದು. ಪುಟದಲ್ಲಿ ಸೂಜಿ ತೂತು, ಹಲಗೆಯಲ್ಲಿ ಹಿಟ್ಟಿನ ಹಾಗೆ ಪುಡಿ ಕಂಡ್ರೆ ಹುಳ ಒಳಗೆ ಜೀವ ಉಂಟು ಅಂತ. ಪುಸ್ತಕ ಒಣಗಿದೆಯಾ ನೋಡಿ, ಪ್ಲಾಸ್ಟಿಕ್ ತೊಟ್ಟೆಗೆ ಹಾಕಿ ಗಾಳಿ ತೆಗೆದು ಗಟ್ಟಿ ಕಟ್ಟಿ, ಮೈನಸ್ 18 ಡಿಗ್ರಿಯ ಫ್ರೀಜರಿನಲ್ಲಿ ಎರಡು ವಾರ ಇಡಿ. ಹೊರಗೆ ತೆಗೆದ ಮೇಲೆ ತೊಟ್ಟೆ ಬಿಚ್ಚದೆ ಒಂದು ದಿನ ಹಾಗೇ ಬಿಡಿ, ಇಲ್ಲದಿದ್ರೆ ನಮ್ಮ ಗಾಳಿಯ ನೀರೆಲ್ಲ ತಣ್ಣಗಿನ ಪುಸ್ತಕಕ್ಕೆ ಹಿಡೀತದೆ. ಹುಳ, ಮೊಟ್ಟೆ ಸಾಯ್ತದೆ, ಬೂಷ್ಟು ಇದರಿಂದ ಸಾಯುದಿಲ್ಲ. ಡಾಂಬರು ಗುಳಿಗೆ ಸಣ್ಣ ಮಕ್ಕಳಿರುವ ಮನೆಯಲ್ಲಿ ಬೇಡವೇ ಬೇಡ. ಬೇವಿನ ಎಲೆ ಇಡುವುದಾದ್ರೆ ಚೆನ್ನಾಗಿ ಒಣಗಿದ್ದು ಇಡಿ, ಹಸಿ ಎಲೆ ಇಟ್ರೆ ನೀವೇ ಕಪಾಟಿಗೆ ನೀರು ಕೊಟ್ಟ ಹಾಗೆ. ಹಳೆ ಮನೆಗಳಲ್ಲಿ ತಾಳೆಗರಿ ಕಟ್ಟುಗಳನ್ನು ಅಡುಗೆಮನೆಯ ಮೇಲಿನ ಅಟ್ಟದಲ್ಲಿ ಇಡ್ತಿದ್ದದ್ದು ಒಲೆಯ ಹೊಗೆ ಮತ್ತು ಬಿಸಿ ತಾಗಲಿ ಅಂತ, ಈಗ ಗ್ಯಾಸ್ ಒಲೆ ಬಂದ ಮೇಲೆ ಆ ಅಟ್ಟಕ್ಕೆ ಆ ಗುಣ ಇಲ್ಲ, ಆದ್ರೂ ಪುಸ್ತಕ ಅಲ್ಲಿಗೇ ಏರಿಸ್ತೇವೆ.

ಹರಿದ ಪುಟಕ್ಕೆ ಸೆಲ್ಲೋಟೇಪ್ ಹಚ್ಬೇಡಿ, ಹತ್ತು ವರ್ಷದಲ್ಲಿ ಟೇಪು ಉದುರಿ ಕಂದು ಗೆರೆ ಮಾತ್ರ ಉಳೀತದೆ. ಪ್ಲಾಸ್ಟಿಕ್ ಬೈಂಡು ತೇವ ಒಳಗೇ ಹಿಡಿದಿಡ್ತದೆ, ಹಳೆ ಕ್ಯಾಲೆಂಡರ್ ಶೀಟಿನ ಬಿಳಿ ಬದಿ ಹೊರಗೆ ಮಾಡಿ ಹಾಕ್ತಿದ್ದ ಬೈಂಡೇ ಒಳ್ಳೇದು.

ವಾಪಸು ಏರಿಸುವಾಗ

ಏರಿಸುವಾಗ ನಿರ್ಧಾರ ಮಾಡ್ಲಿಕ್ಕೆ ಉಂಟು. ಕೂತಲ್ಲಿಂದ ಕೈ ಚಾಚಿದ್ರೆ ಸಿಗುವ ಹಲಗೆ ಒಂದೇ ಇರ್ತದೆ, ಅಲ್ಲಿ ಏನು ಇಡ್ತೀರಿ ಅದನ್ನೇ ಓದ್ತೀರಿ, ಮೇಲಿನ ಹಲಗೆಯಲ್ಲಿ ಎಷ್ಟು ದೊಡ್ಡ ಪುಸ್ತಕ ಇದ್ರೂ ಅಷ್ಟೇ. ಆ ಹಲಗೆಯಲ್ಲಿ 15ಕ್ಕಿಂತ ಜಾಸ್ತಿ ಬೇಡ. ಐದು, ಪುನಃ ಪುನಃ ಓದುವವು. ಐದು, ಬರುವ ವರ್ಷ ಕಲೀಬೇಕು ಅಂತ ಇರುವ ವಿಷಯದ್ದು. ಐದು, ಮನೆಯ ಬೇರೆಯವರು ಆರಿಸಿದ್ದು. ನವರಾತ್ರಿಯಿಂದ ನವರಾತ್ರಿಗೆ ಅದನ್ನು ಬದಲು ಮಾಡಿ, ಕಲೀಲಿಕ್ಕೆ ಇಟ್ಟ ಐದರಲ್ಲಿ ಎಷ್ಟು ಮುಟ್ಟಿದ್ದೀರಿ ಅಂತ ನೋಡಿ. ಮುಟ್ಟದಿದ್ರೆ ಬೇಜಾರು ಮಾಡ್ಬೇಡಿ, ಇನ್ನೊಂದು ವರ್ಷ ಕೊಡಿ, ಎರಡನೇ ವರ್ಷವೂ ಮುಟ್ಟದಿದ್ರೆ ಆ ಆಸೆಯನ್ನು ಬೇರೆಯವರಿಗೆ ಕೊಡುವುದು ಒಳ್ಳೇದು.

ಮಕ್ಕಳಿದ್ರೆ ಅವರ ಸೊಂಟದ ಎತ್ತರದಲ್ಲಿ ಒಂದು ಹಲಗೆ ಪೂರ್ತಿ ಅವರಿಗೆ, ಬಾಗಿಲು ಬೇಡ, ಬೀಗ ಬೇಡವೇ ಬೇಡ. 27 ದೇಶಗಳ ಅಂಕಿಅಂಶ ಇಟ್ಟು 2010ರಲ್ಲಿ ಪ್ರಕಟವಾದ ಒಂದು ಅಧ್ಯಯನ ಉಂಟು, ಪುಸ್ತಕ ತುಂಬಿದ ಮನೆಯಲ್ಲಿ ಬೆಳೆದ ಮಕ್ಕಳು ಪುಸ್ತಕವೇ ಇಲ್ಲದ ಮನೆಯ ಮಕ್ಕಳಿಗಿಂತ ಸರಾಸರಿ 3 ವರ್ಷ ಹೆಚ್ಚು ಓದಿದ್ದಾರೆ, ಅಪ್ಪ ಅಮ್ಮನ ಓದು, ಕೆಲಸ ಎಲ್ಲ ಲೆಕ್ಕಕ್ಕೆ ತಗೊಂಡ ಮೇಲೂ. ಪುಸ್ತಕ ತಂದು ರಾಶಿ ಹಾಕಿದ ಕೂಡ್ಲೇ ಮಗು ಓದ್ತದೆ ಅಂತ ಇದರ ಅರ್ಥ ಅಲ್ಲ. ದೊಡ್ಡವರು ಪುಸ್ತಕ ತೆಗೆಯುವುದು, ಅದರ ಬಗ್ಗೆ ಊಟಕ್ಕೆ ಕೂತಾಗ ಜಗಳ ಮಾಡುವುದು, ಇದೆಲ್ಲ ಮಗು ನೋಡ್ತಾ ಇರ್ತದೆ.

ಎರವಲು ಕೊಡುವ ಪುಸ್ತಕಕ್ಕೆ ಒಂದು ನೋಟ್‌ಬುಕ್ಕು ಕಪಾಟಿನ ಒಳಗೇ ದಾರ ಕಟ್ಟಿ ನೇತುಹಾಕಿ. ಬರೀಲಿಕ್ಕೆ ಸಂಕೋಚ ಆದ್ರೆ ತಗೊಂಡವರ ಕೈಯಲ್ಲಿ ಪುಸ್ತಕ ಹಿಡಿಸಿ ಫೋಟೋ ತೆಗೆದು ಅವರಿಗೇ ಕಳ್ಸಿ, ಇಬ್ಬರಿಗೂ ನೆನಪಿರ್ತದೆ.

ಬೇರೆಯವರಿಗೆ ಕೊಡುವಾಗ

ಕೊಡುವುದು ತಪ್ಪಲ್ಲ, ಎಲ್ಲ ಇಟ್ಕೊಳ್ಳಲಿಕ್ಕೆ ಯಾರ ಮನೆಯೂ ಸಾಲುದಿಲ್ಲ. ಎಸ್. ಆರ್. ರಂಗನಾಥನ್ ಅಂತ, ಭಾರತದ ಗ್ರಂಥಾಲಯಗಳಿಗೆ ದಾರಿ ಹಾಕಿಕೊಟ್ಟವರು, ಅವರು ಲೈಬ್ರರಿಯನ್ ಆಗುವ ಮೊದಲು 1917ರಲ್ಲಿ ಮೇಷ್ಟ್ರಾಗಿ ಸೇರಿದ್ದು ನಮ್ಮ ಮಂಗಳೂರಿನ ಸರ್ಕಾರಿ ಕಾಲೇಜಿಗೆ, ಈಗ ಹಂಪನಕಟ್ಟೆಯಲ್ಲಿರುವ ಯೂನಿವರ್ಸಿಟಿ ಕಾಲೇಜು ಅದೇ. 1931ರಲ್ಲಿ ಅವರು ಹೇಳಿದ 5 ಸೂತ್ರಗಳಲ್ಲಿ ಒಂದು, ಪ್ರತಿ ಪುಸ್ತಕಕ್ಕೂ ಅದರದ್ದೇ ಓದುಗ ಇದ್ದಾನೆ ಅಂತ. ಕೊಡುವಾಗ ಇದನ್ನೇ ಇಟ್ಕೊಳ್ಳಿ. ನೂರು ಪುಸ್ತಕ ಗೋಣಿಯಲ್ಲಿ ತುಂಬಿ ಒಂದು ಶಾಲೆಗೆ ಹಾಕಿ ಬಂದ್ರೆ ಅದು ಸ್ಟೋರ್‌ರೂಮಲ್ಲೇ ಒರಲೆಗೆ ಹೋಗುವುದು ಜಾಸ್ತಿ. ಪಟ್ಟಿ ಮಾಡಿ, ಅವರಿಗೆ ತೋರಿಸಿ, ಅವರು ಬೇಕು ಅಂದದ್ದು ಮಾತ್ರ ಕೊಡಿ.

ಒಬ್ಬರೇ ಜೀವಮಾನವಿಡೀ ಒಂದು ವಿಷಯಕ್ಕೆ ಅಂತ ಕೂಡಿಸಿದ ಸಂಗ್ರಹ ಆದ್ರೆ ಚದುರಿಸ್ಬೇಡಿ, ಒಟ್ಟಿಗೆ ಒಂದೇ ಕಡೆ ಕೊಡಿ. ಮಂಜೇಶ್ವರದ ಗೋವಿಂದ ಪೈಗಳ ಗ್ರಂಥ ಸಂಗ್ರಹ ಉಡುಪಿಯ ಎಂಜಿಎಂ ಕಾಲೇಜಿಗೆ ಬಂತು, ಅಲ್ಲಿ ಅವರ ಹೆಸರಿನ ಸಂಶೋಧನ ಕೇಂದ್ರ ಉಂಟು. ಅಷ್ಟು ಭಾಷೆ ಗೊತ್ತಿದ್ದ ಒಬ್ಬ ಮನುಷ್ಯ ಏನೇನು ಓದಿರಬಹುದು ಅಂತ ಈಗಲೂ ತಿಳ್ಕೊಳ್ಳಲಿಕ್ಕೆ ಆಗುವುದು ಪುಸ್ತಕಗಳು ಒಟ್ಟಿಗೆ ಉಳಿದದ್ದರಿಂದ. ಸ್ಕ್ಯಾನ್ ಮಾಡಿ ಎಲ್ಲರಿಗೂ ಸಿಗುವ ಹಾಗೆ ಹಾಕ್ಬೇಕು ಅಂತ ಇದ್ರೆ, ನಮ್ಮ ಕಾನೂನಿನಲ್ಲಿ ಲೇಖಕ ತೀರಿಹೋದ ನಂತರ 60 ವರ್ಷ ಕಾಪಿರೈಟ್ ಇರ್ತದೆ. ಪೈಗಳು ತೀರಿಹೋದದ್ದು 1963ರಲ್ಲಿ, ಹಾಗಾಗಿ ಅವರು ಬದುಕಿದ್ದಾಗ ಪ್ರಕಟವಾದದ್ದು 2024ರಿಂದ ಮುಕ್ತ.

ಮತ್ತೆ ತೀರಿಹೋದವರ ಪುಸ್ತಕಕ್ಕೆ ಒಂದು ವರ್ಷ ಯಾರೂ ಕೈ ಹಾಕ್ಬೇಡಿ ಅಂತ ನಾನು ಎಲ್ಲರಿಗೂ ಹೇಳ್ತೇನೆ, ನೋಡ್ಬಹುದು, ಒರೆಸ್ಬಹುದು, ಹೊರಗೆ ಕೊಡಬಾರ್ದು. ಇದನ್ನು ಇಷ್ಟು ಒತ್ತಿ ಹೇಳ್ಲಿಕ್ಕೆ ಕಾರಣ ಉಂಟು.

ನನ್ನ ಅಜ್ಜ, ಅಮ್ಮನ ಅಪ್ಪ, ಬ್ರಹ್ಮಾವರದ ಹತ್ತಿರದವರು, ಗದ್ದೆ ಕೆಲಸ ಮಾಡಿಕೊಂಡು ಮಳೆಗಾಲದಲ್ಲಿ ತಾಳಮದ್ದಳೆಗೆ, ಅಂದ್ರೆ ವೇಷ ಕುಣಿತ ಇಲ್ಲದೆ ಕೂತು ಮಾತಲ್ಲೇ ನಡೆಸುವ ಯಕ್ಷಗಾನಕ್ಕೆ, ಅರ್ಥ ಹೇಳ್ಲಿಕ್ಕೆ ಹೋಗ್ತಿದ್ರು. ಹೆಸರು ಮಾಡಿದವರಲ್ಲ, ನಾಲ್ಕು ಊರಿಗೆ ಗೊತ್ತು ಅಷ್ಟೇ. ಅವರ ಹತ್ರ ಒಂದು ಮರದ ಪೆಟ್ಟಿಗೆ ತುಂಬ ಪ್ರಸಂಗ ಪುಸ್ತಕ, ಅಂದ್ರೆ ಯಕ್ಷಗಾನದ ಕತೆಯ ಪದ್ಯಗಳ ಪುಸ್ತಕ ಇತ್ತು, ತೆಳು ಕಾಗದದ ಅಗ್ಗದ ಪುಸ್ತಕಗಳು, ಕೆಲವಕ್ಕೆ ರಟ್ಟೇ ಇಲ್ಲ. ಪದ್ಯದ ಅಂಚಿನಲ್ಲಿ ಅವರು ಅರ್ಥಕ್ಕೆ ಬೇಕಾದ್ದು ಬರ್ಕೊಳ್ತಿದ್ರು, ಇಲ್ಲಿ ನಿಲ್ಲಿಸು, ಇಲ್ಲಿ ಕೃಷ್ಣನ ಮುಖ ನೋಡು, ಇಲ್ಲಿ ತಾಯಿಯ ಮಾತು ತಾ, ಹೀಗೆ. ಅಜ್ಜ ಹೋದ ವರ್ಷ ನಂಗೆ 19, ಮನೆ ರಿಪೇರಿ ಶುರುವಾಗಿತ್ತು, ಹಂಚು ಇಳಿಸಿದ್ರು, ಎಲ್ಲ ಸಾಮಾನು ಅಂಗಳದಲ್ಲಿ. ಪೆಟ್ಟಿಗೆ ಬೇಕಿತ್ತು, ಒಳಗಿನ ಕಾಗದ ಯಾರಿಗೂ ಬೇಕಿರ್ಲಿಲ್ಲ. ಎರಡು ಗೋಣಿ ತುಂಬಿಸಿ ಗುಜರಿಯವರಿಗೆ ತೂಕಕ್ಕೆ ಕೊಟ್ಟದ್ದು ನಾನೇ. ಅಮ್ಮ ಮಂಗಳೂರಿಂದ ಬಂದು ಪೆಟ್ಟಿಗೆ ತೆಗೆದು ನೋಡಿ ಏನೂ ಹೇಳ್ಲಿಲ್ಲ, ಮುಚ್ಚಿ ಒಳಗೆ ಹೋದ್ರು.

ಅಚ್ಚಾದ ಪ್ರಸಂಗ ಎಲ್ಲಿಯಾದ್ರೂ ಸಿಗ್ತದೆ, ಅಂಚಿನಲ್ಲಿ ಇದ್ದದ್ದು ಎಲ್ಲಿಯೂ ಸಿಗುದಿಲ್ಲ. ಆದ್ರೂ ಗುಜರಿಯಿಂದ ಹಳೆ ಪುಸ್ತಕದ ಅಂಗಡಿಗೆ, ಅಲ್ಲಿಂದ ಯಾವುದೋ ಅರ್ಥಧಾರಿಯ ಮನೆಗೆ ಒಂದೆರಡು ಹೋಗಿರ್ಲಿಕ್ಕೂ ಸಾಕು. ಈ ನವರಾತ್ರಿಗೆ ನೀವು ಪುಸ್ತಕ ಇಳಿಸುವಾಗ ಹಳೆ ಪ್ರಸಂಗ ಪುಸ್ತಕ ಏನಾದ್ರೂ ಬಂದ್ರೆ ಕರ್ಣನ ಪದ್ಯಗಳ ಹತ್ರ ಒಮ್ಮೆ ಅಂಚು ನೋಡಿ. ನೇರಳೆ ಶಾಯಿ, ಎಡಕ್ಕೆ ವಾಲಿದ ಸಣ್ಣ ಅಕ್ಷರ, ಮುಖ್ಯವಾದ ಕಡೆ ಒಂದು ಸೊನ್ನೆ ಹಾಕಿ ಅದರೊಳಗೆ ಚುಕ್ಕಿ. ಪುಸ್ತಕ ನಿಮ್ಮ ಹತ್ರವೇ ಇರ್ಲಿ, ಆ ಪುಟಗಳ ಫೋಟೋ ಮಾತ್ರ ಕಳ್ಸಿ.